ಸಹಕಾರಿ ಸಂಘದ ಹಣದ ದುರುಪಯೋಗವೂ ಮ್ಯಾಜಿಸ್ಟ್ರೇಟರ ತನಿಖಾಜ್ಞೆಯೂ

(ಬರೆದವರು: ಒಕ್ಕಲುತನ ಇನ್ಸ್ಪೆಕ್ಟರರು, ಎಲ್. ಎಜಿ.)

ಬೇಲಿಯೇ ಎದ್ದು ಹೊಲ ಮೇಯ್ದರೆ ಕಾಯುವವರಾರು ಎಂಬ ಗಾದೆಯನ್ನು ನಮ್ಮ ಒಕ್ಕಲಿಗರು ಸಹಕಾರಿ ಸಂಘಗಳ ವಿಷಯದಲ್ಲಿ ಹೇಳುವದನ್ನು ನಾನು ತಿರುಗಾಟದಲ್ಲಿ ಅನೇಕ ಸಲ ಕೇಳಿರುತ್ತೇನೆ. ಬೀಜ, ಗೊಬ್ಬರ, ಬೆಳೆಯ ರೋಗಗಳ ಸಂಗತಿಗಳನ್ನು ಬರೆಯತಕ್ಕ ಈ ಪತ್ರಿಕೆಯಲ್ಲಿ ನ್ಯಾಯಾಲಯದ ಮಾತೇಕೆ ಎಂದು ಕೆಲವು ವಾಚಕರು ಕೇಳಬಹುದು. ಇಂಡಿ, ಸಿಂದಗಿ, ಮುದ್ದೇಬಿಹಾಳ, ಬಸವನ ಬಾಗೇವಾಡಿ ಈ ನಾಲ್ಕು ತಾಲೂಕುಗಳಲ್ಲಿ ಕಾಲುವೆಯ ನೀರು ಮುಟ್ಟಿದ ಊರುಗಳನ್ನು ಬಿಟ್ಟರೆ, ಹಿಂಗಾರಿಯ ಒಕ್ಕಲುತನವು ಒಂದೆರಡು ಮಳೆಗಳ ಮೇಲೆ ನಿಂತಿರುತ್ತದೆ. ಎರೆಯ ಹೊಲದಲ್ಲಿ ಹಸಿ ಇರುವ ಹತ್ತು ಹದಿನೈದು ದಿವಸಗಳಲ್ಲಿ ಜೋಳವನ್ನಾಗಲಿ ಕಡಲೆಯನ್ನಾಗಲಿ ಬಿತ್ತಿ ಮುಗಿಸಬೇಕು. ಆ ದಿವಸಗಳಲ್ಲಿ ಕೈಗೆ ಸಾಲ ಬಾರದಿದ್ದರೆ ಆ ವರ್ಷದ ಬೆಳೆಯೇ ಹೋಯಿತು. ಆದುದರಿಂದ ಸಂಘದ ಪೆಟ್ಟಿಗೆಯೊಳಗಿನ ಹಣವೂ ಬೀಜದಷ್ಟೇ ಒಕ್ಕಲುತನದ ಸಾಮಗ್ರಿಯಾಗಿರುತ್ತದೆ.

ಕೆಲವು ವರ್ಷಗಳ ಹಿಂದೆ ಭೀಮಾ ನದಿಯ ಬದಿಯ ಒಂದು ಹಳ್ಳಿಗೆ ನಾನು ಕಡಲೆಯ ಬೀಜೋಪಚಾರವನ್ನು ತೋರಿಸಲು ಹೋಗಿದ್ದೆನು. ವಯಸ್ಸಾದ ಒಬ್ಬ ಒಕ್ಕಲಿಗರು ಎಲ್ಲವನ್ನೂ ಶಾಂತವಾಗಿ ಕೇಳಿ, ಕಡೆಗೆ, "ಸಾಹೇಬರ, ನೀವು ಹೇಳೂದು ಖರೇ ಐತಿ. ಆದರ ಬೀಜಾ ತರಾಕ ರೊಕ್ಕ ಎಲ್ಲೈತ್ರಿ?" ಎಂದರು. ಸಂಘದಿಂದ ಬೆಳೆಸಾಲವನ್ನು ಏಕೆ ಪಡೆಯಲಿಲ್ಲವೆಂದು ಕೇಳಲು, ತಾವು ಎಂದೂ ತೆಗೆದುಕೊಳ್ಳದ ಸಾಲವೊಂದು ತಮ್ಮ ಹೆಸರಿನಲ್ಲಿದ್ದು, ತಾವು ಸುಸ್ತಿದಾರರೆಂದು ಬರೆದಿರುವದಾಗಿ ತಿಳಿಸಿದರು. ಅವರಂತೆಯೇ ಆ ಊರಿನಲ್ಲಿ ಇನ್ನೂ ಹಲವರಿದ್ದರು. ಕೆಲವು ವಿಧವೆಯರ ಠೇವಿನ ಹಣವು ಮುದ್ದತು ತೀರಿದರೂ ಮರಳಿರಲಿಲ್ಲ. ಊರವರು ಎರಡು ವರ್ಷ ಕಚೇರಿಯಿಂದ ಕಚೇರಿಗೆ ಅಲೆದಿದ್ದರು. ಸಂಘದ ಮುಂದೆ ಕೂಗಾಡಿ ಬೀಗವನ್ನೂ ಹಾಕಿದ್ದರು. ಆದರೆ ಸರಿಯಾದ ಒಂದು ಕಾಗದವು ಸರಿಯಾದ ಬಾಗಿಲಿಗೆ ಹೋಗಿರಲಿಲ್ಲ. ಆ ಬಾಗಿಲು ಯಾವದು, ಅದನ್ನು ತಟ್ಟುವ ರೀತಿ ಯಾವದು ಎಂಬುದನ್ನು ವಿವರಿಸುವದೇ ಈ ಲೇಖನದ ಉದ್ದೇಶವು.

ಸಂಘಗಳು ಹುಟ್ಟಿದ ಬಗೆ

ಸಾವಕಾರರ ಬಡ್ಡಿಯಿಂದ ಒಕ್ಕಲಿಗನನ್ನು ಬಿಡಿಸುವದಕ್ಕಾಗಿ ೧೯೦೪ರಲ್ಲಿ ಹಿಂದುಸ್ಥಾನದಲ್ಲಿ ಮೊದಲನೆಯ ಸಹಕಾರಿ ಪತ್ತಿನ ಸಂಘಗಳ ಕಾಯದೆಯಾಯಿತು. ಅದರ ಮರುವರ್ಷವೇ, ಅಂದರೆ ೧೯೦೫ರಲ್ಲಿ, ಗದಗ ತಾಲೂಕಿನ ಕಣಗಿನಹಾಳದಲ್ಲಿ ಸಿದ್ದನಗೌಡ ಸಣ್ಣರಾಮನಗೌಡ ಪಾಟೀಲರ ಪ್ರಯತ್ನದಿಂದ ಒಕ್ಕಲಿಗರ ಪತ್ತಿನ ಸಂಘವು ಸ್ಥಾಪಿತವಾಯಿತು. ದೇಶದೊಳಗಿನ ಇಂಥ ಸಂಘಗಳಲ್ಲಿ ಅದೇ ಮೊದಲನೆಯದೆಂಬುದು ಕನ್ನಡಿಗರಿಗೆ ಅಭಿಮಾನದ ಸಂಗತಿಯು. ಮುಂದೆ ನಮ್ಮ ಜಿಲ್ಹೆಯು ಮುಂಬಯಿ ಇಲಾಖೆಯಲ್ಲಿದ್ದಾಗ ೧೯೨೫ರ ಮುಂಬಯಿ ಕಾಯದೆಯು ನಡೆಯಿತು. ೧೯೫೬ರಲ್ಲಿ ರಾಜ್ಯವು ಒಂದಾದ ತರುವಾಯ ೧೯೫೯ರ ಕರ್ನಾಟಕ ಸಹಕಾರಿ ಸಂಘಗಳ ಕಾಯದೆಯು ಬಂದು, ಅದೇ ಈಗಲೂ ನಡೆಯುತ್ತಿದೆ. ಇದಲ್ಲದೆ ೧೯೯೭ರ ಸೌಹಾರ್ದ ಸಹಕಾರಿ ಕಾಯದೆಯಂತೆ ನೋಂದಾದ ಸಂಘಗಳೂ ನಮ್ಮಲ್ಲಿ ಇರುತ್ತವೆ. ತಮ್ಮ ಸಂಘವು ಯಾವ ಕಾಯದೆಗೆ ಸೇರಿದ್ದೆಂಬುದನ್ನು ಪ್ರತಿಯೊಬ್ಬ ಸಭಾಸದನೂ ಮೊದಲು ತಿಳಿದುಕೊಳ್ಳತಕ್ಕದ್ದು. ಸಂಘದ ಹೆಸರಿನ ಹಲಗೆಯನ್ನೂ ನೋಂದಣಿಯ ಪತ್ರವನ್ನೂ ನೋಡಿದರೆ ಇದು ಗೊತ್ತಾಗುವದು.

ಎರಡು ಹಾದಿಗಳು

ಸಂಘದ ಹಣವು ಅಫರಾತಫರಿಯಾದಾಗ ಎರಡು ಹಾದಿಗಳಿರುತ್ತವೆ. ಒಂದು ಸಹಕಾರಿ ಖಾತೆಯ ಹಾದಿ. ಇನ್ನೊಂದು ಫೌಜದಾರಿ ಹಾದಿ. ಇವೆರಡರ ಕೆಲಸವೂ ಬೇರೆ ಬೇರೆ.

ಮೊದಲನೆಯ ಹಾದಿಯಲ್ಲಿ ೧೯೫೯ರ ಕಾಯದೆಯ ೬೩ನೆಯ ಕಲಮಿನಂತೆ ವರ್ಷವರ್ಷಕ್ಕೂ ಲೆಕ್ಕ ತಪಾಸಣೆಯಾಗಬೇಕು. ೬೪ನೆಯ ಕಲಮಿನಂತೆ ನಿಬಂಧಕರು, ಅಂದರೆ ರಜಿಸ್ಟ್ರಾರರು, ತಾವಾಗಿಯೇ ಸಂಘದ ವ್ಯವಹಾರದ ಮೇಲೆ ವಿಚಾರಣೆಯನ್ನು ನಡೆಸಬಹುದು. ಒಟ್ಟು ಸಭಾಸದರಲ್ಲಿ ಮೂರರಲ್ಲೊಂದು ಪಾಲಿಗೆ ಕಡಿಮೆಯಿಲ್ಲದವರಾಗಲಿ, ಆಡಳಿತ ಮಂಡಳಿಯ ಬಹುಸಂಖ್ಯಾತರಾಗಲಿ ಅರ್ಜಿ ಮಾಡಿದರೆ ಆ ವಿಚಾರಣೆಯು ನಡೆಯಲೇಬೇಕು. ಹಣವನ್ನು ನುಂಗಿದವರಿಂದ, ಇಲ್ಲವೆ ಬುದ್ಧಿಪೂರ್ವಕ ಅಲಕ್ಷ್ಯದಿಂದ ನಷ್ಟ ಮಾಡಿದವರಿಂದ ಅದನ್ನು ಬಡ್ಡಿಸಹಿತ ತುಂಬಿಸಿಕೊಳ್ಳುವ ಅಧಿಕಾರವನ್ನು ೬೯ನೆಯ ಕಲಮು ಕೊಡುತ್ತದೆ. ಹಣವು ಮರಳಿ ಸಂಘಕ್ಕೆ ಬರಬೇಕಾದರೆ ಮುಖ್ಯವಾಗಿ ಈ ಹಾದಿಯನ್ನೇ ಹಿಡಿಯಬೇಕು.

ಎರಡನೆಯ ಹಾದಿಯು ಅಪರಾಧದ ತನಿಖೆಯದು. ನಂಬಿ ಒಪ್ಪಿಸಿದ ಹಣವನ್ನು ತನ್ನದೆಂದು ಬಳಸಿಕೊಳ್ಳುವದು ನಂಬಿಕೆದ್ರೋಹದ ಅಪರಾಧವು. ಭಾರತೀಯ ನ್ಯಾಯ ಸಂಹಿತೆಯ ೩೧೬ನೆಯ ಕಲಮು ಇದಕ್ಕೆ ಅನ್ವಯಿಸುತ್ತದೆ. ಅಪರಾಧಿಯು ಕಾರಕೂನನು ಇಲ್ಲವೆ ನೌಕರನಾಗಿದ್ದರೆ ೭ ವರ್ಷಗಳ ವರೆಗೂ, ಬ್ಯಾಂಕಿನ ವ್ಯವಹಾರ ಮಾಡುವವನು ಇಲ್ಲವೆ ಏಜಂಟನಾಗಿದ್ದರೆ ೧೦ ವರ್ಷಗಳ ವರೆಗೆ ಅಥವಾ ಆಜನ್ಮವೂ ಶಿಕ್ಷೆಯಾಗಬಹುದು. ಕಿರ್ದಿ ಖಾತೆಗಳಲ್ಲಿ ಕಪಟದಿಂದ ಸುಳ್ಳು ಬರೆಯುವದಕ್ಕೆ ೩೪೪ನೆಯ ಕಲಮಿನಂತೆ ೭ ವರ್ಷಗಳ ವರೆಗೆ ಶಿಕ್ಷೆಯುಂಟು. ಇಲ್ಲದ ಸಾಲಗಾರನ ಸಹಿಯನ್ನೋ ಹೆಬ್ಬೆಟ್ಟನ್ನೋ ಹಾಕಿದ್ದರೆ ಖೊಟ್ಟಿ ದಸ್ತಾವೇಜಿನ ಕಲಮುಗಳೂ ಸೇರುತ್ತವೆ. ೨೦೨೪ನೆಯ ಇಸವಿ ಜುಲೈ ೧ರಿಂದ ಈ ಹೊಸ ಸಂಹಿತೆಯು ಜಾರಿಯಲ್ಲಿದೆ. ಅದಕ್ಕಿಂತ ಮೊದಲು ನಡೆದ ಅಪರಾಧಗಳಿಗೆ ಹಳೆಯ ಪಿನಲ್ ಕೋಡಿನ ೪೦೮, ೪೦೯, ೪೭೭-ಎ ಮುಂತಾದ ಕಲಮುಗಳೇ ಅನ್ವಯಿಸುತ್ತವೆ.

ಮ್ಯಾಜಿಸ್ಟ್ರೇಟರೆಂದರೆ ಯಾರು?

ನಮ್ಮ ಹಳ್ಳಿಗಳಲ್ಲಿ ಮ್ಯಾಜಿಸ್ಟ್ರೇಟರೆಂದರೆ ತಹಶೀಲದಾರರೆಂದು ತಿಳಿಯುವವರು ಇನ್ನೂ ಇದ್ದಾರೆ. ಮುಂಬಯಿ ಇಲಾಖೆಯ ಕಾಲದಲ್ಲಿ ಮಾಮಲೇದಾರರಿಗೆ ಫೌಜದಾರಿ ಖಟ್ಲೆಗಳ ಅಧಿಕಾರವೂ ಇದ್ದುದೇ ಈ ತಿಳುವಳಿಕೆಗೆ ಕಾರಣವು. ಈಗ ತಹಶೀಲದಾರರು ಕಾರ್ಯನಿರ್ವಾಹಕ ಮ್ಯಾಜಿಸ್ಟ್ರೇಟರು. ಇಲ್ಲಿ ಹೇಳುವ ತನಿಖಾಜ್ಞೆಯ ಅಧಿಕಾರವು ಅವರಿಗಿರುವದಿಲ್ಲ. ಅದು ನ್ಯಾಯಾಲಯದಲ್ಲಿ ಕುಳಿತುಕೊಳ್ಳುವ ಪ್ರಥಮ ದರ್ಜೆಯ ನ್ಯಾಯಿಕ ಮ್ಯಾಜಿಸ್ಟ್ರೇಟರದು. ಇಂಡಿ, ಸಿಂದಗಿ, ಮುದ್ದೇಬಿಹಾಳ, ಬಸವನ ಬಾಗೇವಾಡಿ ಈ ನಾಲ್ಕೂ ಊರುಗಳಲ್ಲಿ ಇಂಥ ನ್ಯಾಯಾಲಯಗಳಿರುತ್ತವೆ. ಚಡಚಣ, ಆಲಮೇಲ, ದೇವರ ಹಿಪ್ಪರಗಿ, ತಾಳಿಕೋಟೆ, ನಿಡಗುಂದಿ, ಕೊಲ್ಹಾರಗಳು ಹೊಸ ತಾಲೂಕುಗಳಾದುದರಿಂದ ಕಂದಾಯದ ಎಲ್ಲೆಗಳು ಬದಲಾಗಿವೆ. ಆದಕಾರಣ ತಮ್ಮ ಪೋಲೀಸ ಠಾಣೆಯು ಯಾವ ನ್ಯಾಯಾಲಯದ ಹದ್ದಿಗೆ ಸೇರಿದೆಯೆಂಬುದನ್ನು ಠಾಣೆಯಲ್ಲಿಯೇ ಕೇಳಿ ತಿಳಿಯತಕ್ಕದ್ದು.

ಮೊದಲು ಹತ್ತಬೇಕಾದ ಎರಡು ಮೆಟ್ಟಿಲುಗಳು

ನೆಟ್ಟಗೆ ಮ್ಯಾಜಿಸ್ಟ್ರೇಟರ ಹತ್ತಿರ ತನಿಖಾಜ್ಞೆಯನ್ನು ಬೇಡಲು ಹೋಗಬಾರದು. ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ ೧೭೩ನೆಯ ಕಲಮು ಎರಡು ಮೆಟ್ಟಿಲುಗಳನ್ನು ಕಟ್ಟಿರುತ್ತದೆ.

ಮೊದಲನೆಯದು ಪೋಲೀಸ ಠಾಣೆ. ಫಿರ್ಯಾದಿಯನ್ನು ಬರೆದು ಕೊಟ್ಟು ಮುಟ್ಟಿದ ಬಗ್ಗೆ ಸಹಿಯನ್ನು ಪಡೆಯಬೇಕು. ಪೋಲೀಸರು ವಾರಂಟಿಲ್ಲದೆ ಹಿಡಿಯಬಹುದಾದ ಅಪರಾಧವು ಫಿರ್ಯಾದಿಯಿಂದ ಕಂಡುಬಂದರೆ ಅದನ್ನು ದಾಖಲು ಮಾಡಲೇಬೇಕೆಂದು ಸುಪ್ರೀಮ್ ಕೋರ್ಟಿನ ಐವರು ನ್ಯಾಯಾಧೀಶರ ಪೀಠವು ೨೦೧೩ರ ನವೆಂಬರ್ ೧೨ರಂದು ಲಲಿತಾ ಕುಮಾರಿ ಖಟ್ಲೆಯಲ್ಲಿ ನಿರ್ಣಯಿಸಿದೆ. ಹಣಕಾಸಿನ ವ್ಯವಹಾರದ ಅಪರಾಧಗಳಲ್ಲಿ ಮಾತ್ರ ಮೊದಲು ಚಿಕ್ಕದೊಂದು ಪ್ರಾಥಮಿಕ ವಿಚಾರಣೆಗೆ ಆಸ್ಪದವುಂಟೆಂದೂ ಅದೇ ತೀರ್ಪು ಹೇಳುತ್ತದೆ. ದಾಖಲಾದರೆ ಅದರ ಪ್ರತಿಯನ್ನು ಫಿರ್ಯಾದಿದಾರನಿಗೆ ಪುಕ್ಕಟೆಯಾಗಿ ಕೊಡತಕ್ಕದ್ದು.

ಎರಡನೆಯದು ಜಿಲ್ಹೆಯ ಪೋಲೀಸ ಸುಪರಿಂಟೆಂಡೆಂಟರು. "ಇದು ಸಹಕಾರಿ ಖಾತೆಯ ಕೆಲಸ, ಅಲ್ಲಿಗೆ ಹೋಗಿರಿ" ಎಂದು ಠಾಣೆಯಲ್ಲಿ ಹೇಳಿ ಕಳಿಸಿದರೆ, ಫಿರ್ಯಾದಿಯ ಸಾರಾಂಶವನ್ನು ಬರೆದು ಅಂಚೆಯಿಂದ ಅವರಿಗೆ ಕಳಿಸಬೇಕು. ರಜಿಸ್ಟರ್ ಅಂಚೆಯ ಪಾವತಿಯನ್ನು ಹೊಲದ ಪತ್ರದಂತೆ ಜೋಪಾನ ಮಾಡಬೇಕು. ಅಲ್ಲಿಂದಲೂ ಕೆಲಸವಾಗದಿದ್ದರೆ ಮೂರನೆಯ ಬಾಗಿಲು ತೆರೆಯುತ್ತದೆ.

ಮ್ಯಾಜಿಸ್ಟ್ರೇಟರ ಅಧಿಕಾರ

ಈ ಅಧಿಕಾರವು ಹೊಸದಲ್ಲ. ೧೯೭೩ರ ಫೌಜದಾರಿ ಕಾರ್ಯವಿಧಾನದ ಕಾಯದೆಯಲ್ಲಿ ಇದು ೧೫೬ನೆಯ ಕಲಮಿನ ೩ನೆಯ ಉಪಕಲಮಾಗಿತ್ತು. ಈಗ ಸುರಕ್ಷಾ ಸಂಹಿತೆಯ ೧೭೫ನೆಯ ಕಲಮಿನ ೩ನೆಯ ಉಪಕಲಮಾಗಿದೆ. ಅದರಂತೆ ಅರ್ಜಿದಾರನು ಮೇಲಿನ ಎರಡು ಮೆಟ್ಟಿಲುಗಳನ್ನು ಹತ್ತಿದ ಬಗ್ಗೆ ಅರ್ಜಿಯನ್ನೂ, ಅದರ ಸಂಗತಿಗಳು ನಿಜವೆಂದು ಪ್ರಮಾಣಪತ್ರವನ್ನೂ ಕೊಡಬೇಕು. ಮ್ಯಾಜಿಸ್ಟ್ರೇಟರು ಅವಶ್ಯವೆನಿಸಿದಷ್ಟು ವಿಚಾರಣೆಯನ್ನು ಮಾಡಿ, ಪೋಲೀಸ ಅಧಿಕಾರಿಯ ಹೇಳಿಕೆಯನ್ನೂ ನೋಡಿ, ತನಿಖೆಗೆ ಆಜ್ಞೆಯನ್ನು ಮಾಡಬಹುದು.

ಪ್ರಮಾಣಪತ್ರದ ಕಟ್ಟಳೆಯು ಹುಟ್ಟಿದ ಕಾರಣವನ್ನು ತಿಳಿಯುವದು ಒಳ್ಳೆಯದು. ಸಾಲವನ್ನು ತೀರಿಸದವರು ತಮ್ಮ ಮೇಲೆ ವಸೂಲಿ ನಡೆಸಿದ ಅಧಿಕಾರಿಗಳನ್ನು ಪೀಡಿಸಲು ಮೇಲಿಂದ ಮೇಲೆ ಇಂಥ ಅರ್ಜಿಗಳನ್ನು ಹಾಕಿದ ಒಂದು ಸಂಗತಿಯು ಉತ್ತರ ಪ್ರದೇಶದಲ್ಲಿ ನಡೆಯಿತು. ೨೦೧೫ರಲ್ಲಿ ಪ್ರಿಯಾಂಕಾ ಶ್ರೀವಾಸ್ತವ ಖಟ್ಲೆಯಲ್ಲಿ ಸುಪ್ರೀಮ್ ಕೋರ್ಟು ಅದನ್ನು ನೋಡಿ, ಇನ್ನು ಮುಂದೆ ಅರ್ಜಿಗೆ ಪ್ರಮಾಣಪತ್ರವಿರಲೇಬೇಕೆಂದು ವಿಧಿಸಿತು. ಆ ಕಟ್ಟಳೆಯೇ ಈಗ ಸಂಹಿತೆಯ ಮಾತಿನಲ್ಲಿ ಸೇರಿದೆ. ಸುಳ್ಳು ಪ್ರಮಾಣ ಮಾಡಿದವನಿಗೆ ಶಿಕ್ಷೆಯುಂಟು.

ಈ ಆಜ್ಞೆಗೂ ಎಲ್ಲೆಗಳಿರುತ್ತವೆ. ಮ್ಯಾಜಿಸ್ಟ್ರೇಟರು ತಮ್ಮ ಹದ್ದಿನ ಠಾಣೆಗೆ ಆಜ್ಞೆಯನ್ನು ಮಾಡಬಲ್ಲರೇ ಹೊರತು ಸಿ.ಬಿ.ಐ.ಗೆ ಮಾಡಲಾರರೆಂದು ೨೦೦೧ರಲ್ಲಿಯೇ ಸುಪ್ರೀಮ್ ಕೋರ್ಟು ಹೇಳಿದೆ. ತನಿಖೆಯು ಸರಿಯಾಗಿ ನಡೆಯುತ್ತಿಲ್ಲವೆಂದು ಕಂಡರೆ ಅದು ನೆಟ್ಟಗೆ ನಡೆಯುವಂತೆ ಲಕ್ಷ್ಯವಿಡುವ ಅಧಿಕಾರವೂ ಅವರಿಗುಂಟೆಂದು ೨೦೦೭ರ ಸಕೀರಿ ವಾಸು ತೀರ್ಪಿನಿಂದ ತಿಳಿಯುತ್ತದೆ. ಆಜ್ಞೆಯಾಯಿತೆಂದರೆ ಆರೋಪಿಯು ಅಪರಾಧಿಯೆಂದು ತೀರ್ಮಾನವಾಯಿತೆಂದು ತಿಳಿಯಬಾರದು. ಅದು ತನಿಖೆಯ ಆರಂಭ ಮಾತ್ರ.

ಮ್ಯಾಜಿಸ್ಟ್ರೇಟರಿಗೆ ಇನ್ನೊಂದು ಮಾರ್ಗವೂ ಉಂಟು. ಅವರು ಅದನ್ನು ಖಾಸಗಿ ಫಿರ್ಯಾದಿಯೆಂದು ಎಣಿಸಿ ೨೨೩ನೆಯ ಕಲಮಿನಂತೆ ಫಿರ್ಯಾದಿದಾರನ ಮತ್ತು ಸಾಕ್ಷಿಗಳ ಹೇಳಿಕೆಯನ್ನು ಪ್ರಮಾಣದ ಮೇಲೆ ತೆಗೆದುಕೊಳ್ಳಬಹುದು. ಈ ಮಾರ್ಗದಲ್ಲಿ ಆರೋಪಿಗೆ ತನ್ನ ಮಾತನ್ನು ಹೇಳಲು ಅವಕಾಶ ಕೊಟ್ಟ ಮೇಲೆಯೇ ಖಟ್ಲೆಯನ್ನು ಕೈಗೆತ್ತಿಕೊಳ್ಳಬೇಕು. ಬಳಿಕ ೨೨೫ನೆಯ ಕಲಮಿನಂತೆ ತಾವೇ ವಿಚಾರಿಸಬಹುದು, ಇಲ್ಲವೆ ಪೋಲೀಸರಿಂದಾಗಲಿ ಬೇರೆ ಯೋಗ್ಯ ವ್ಯಕ್ತಿಯಿಂದಾಗಲಿ ತನಿಖೆ ಮಾಡಿಸಬಹುದು. ಆಧಾರ ಸಾಲದಿದ್ದರೆ ಫಿರ್ಯಾದಿಯನ್ನು ತೆಗೆದುಹಾಕಬಹುದು. ಕಾಗದಪತ್ರಗಳು ಸಂಘದ ಕಪಾಟಿನಲ್ಲಿಯೇ ಇದ್ದು ಸಭಾಸದನ ಕೈಗೆ ಸಿಕ್ಕದಂತಿದ್ದರೆ ಪೋಲೀಸ ತನಿಖೆಯೇ ಉಪಯುಕ್ತವೆಂದು ಅರ್ಜಿಯಲ್ಲಿ ಸ್ಪಷ್ಟವಾಗಿ ಬರೆಯಬೇಕು. ದಫ್ತರವನ್ನು ಜಪ್ತು ಮಾಡುವದೂ, ಸಹಿಗಳನ್ನು ತಜ್ಞರಿಂದ ಪರೀಕ್ಷೆ ಮಾಡಿಸುವದೂ ಒಬ್ಬ ಒಕ್ಕಲಿಗನಿಂದ ಆಗತಕ್ಕ ಕೆಲಸಗಳಲ್ಲ.

ರಜಿಸ್ಟ್ರಾರರ ಅಪ್ಪಣೆ ಬೇಕೆ?

ಇದು ಎಲ್ಲರೂ ಕೇಳುವ ಪ್ರಶ್ನೆ. ೧೯೫೯ರ ಸಹಕಾರಿ ಕಾಯದೆಯೇ ಹೇಳಿದ ಅಪರಾಧಗಳ ಬಗ್ಗೆ ಖಟ್ಲೆ ಹಾಕಬೇಕಾದರೆ ೧೧೧ನೆಯ ಕಲಮಿನಂತೆ ರಜಿಸ್ಟ್ರಾರರ ಪೂರ್ವ ಮಂಜೂರಿಯು ಬೇಕು. ನಂಬಿಕೆದ್ರೋಹ, ಸುಳ್ಳು ಲೆಕ್ಕ, ಖೊಟ್ಟಿ ಸಹಿ ಇವು ದೇಶದ ಸಾಮಾನ್ಯ ದಂಡಸಂಹಿತೆಯ ಅಪರಾಧಗಳು. ಒಂದೇ ಕೃತ್ಯವು ಎರಡು ಕಾಯದೆಗಳ ಕೆಳಗೆ ಅಪರಾಧವಾದರೆ ಯಾವದರಂತೆಯಾದರೂ ಖಟ್ಲೆ ನಡೆಯಬಹುದು, ಆದರೆ ಒಂದೇ ಅಪರಾಧಕ್ಕೆ ಎರಡು ಸಲ ಶಿಕ್ಷೆಯಾಗಕೂಡದು ಎಂಬುದು ೧೮೯೭ರ ಜನರಲ್ ಕ್ಲಾಜಸ್ ಕಾಯದೆಯ ೨೬ನೆಯ ಕಲಮಿನ ನಿಯಮವು.

ನಮ್ಮ ನೆರೆಯ ಮಹಾರಾಷ್ಟ್ರದಲ್ಲಿ ಈ ವಿಷಯದ ಮೇಲೆ ಮಹತ್ವದ ಖಟ್ಲೆಯೊಂದು ನಡೆಯಿತು. ಅಲ್ಲಿಯ ಸಹಕಾರಿ ಕಾಯದೆಯ ೮೧ನೆಯ ಕಲಮಿನಲ್ಲಿ, ಹಣದ ಅವ್ಯವಹಾರವು ಕಂಡುಬಂದರೆ ಲೆಕ್ಕ ತಪಾಸಣೆ ಮಾಡಿದವರಾಗಲಿ ರಜಿಸ್ಟ್ರಾರರಾಗಲಿ ಫಿರ್ಯಾದಿ ಕೊಡತಕ್ಕದ್ದೆಂದು ಹೇಳಿದೆ. ಪುಣೆಯ ಕಡೆಯ ಒಂದು ಸಹಕಾರಿ ಬ್ಯಾಂಕಿನ ಶೇರುದಾರರೊಬ್ಬರು ಫಿರ್ಯಾದಿ ಕೊಟ್ಟಾಗ, ಅವರಿಗೆ ಆ ಅಧಿಕಾರವಿಲ್ಲವೆಂಬ ವಾದವು ಹುಟ್ಟಿತು. ಧನರಾಜ ಅಸ್ವಾನಿ ಎಂಬ ಹೆಸರಿನ ಈ ಖಟ್ಲೆಯಲ್ಲಿ ಸುಪ್ರೀಮ್ ಕೋರ್ಟು ೨೦೨೩ರ ಜುಲೈ ೨೫ರಂದು ಆ ವಾದವನ್ನು ತಳ್ಳಿಹಾಕಿತು. ಆ ಕಲಮು ಅಧಿಕಾರಿಗಳ ಮೇಲೆ ಒಂದು ಕರ್ತವ್ಯವನ್ನು ಹೊರಿಸುತ್ತದೆಯೇ ಹೊರತು ಬೇರೆಯವರ ಬಾಯಿ ಕಟ್ಟುವದಿಲ್ಲ. ಅಪರಾಧದ ಸುದ್ದಿಯನ್ನು ಯಾರಾದರೂ ಪೋಲೀಸರಿಗೆ ಕೊಡಬಹುದು ಎಂಬುದೇ ಆ ತೀರ್ಪಿನ ತಾತ್ಪರ್ಯವು. ಅದು ಮಹಾರಾಷ್ಟ್ರದ ಕಾಯದೆಯ ಮೇಲಿನ ತೀರ್ಪಾದರೂ, "ಖಾತೆಯ ಅಧಿಕಾರಿಗಳೇ ಫಿರ್ಯಾದಿ ಕೊಡಬೇಕು, ನೀವು ಕೊಡುವಂತಿಲ್ಲ" ಎಂಬ ಉತ್ತರವನ್ನು ಕೇಳಿ ಮರಳಿ ಬಂದ ಸಭಾಸದರಿಗೆ ಧೈರ್ಯವನ್ನು ಕೊಡತಕ್ಕದ್ದಾಗಿದೆ.

ಕೂಡಿಸಬೇಕಾದ ಕಾಗದಗಳು

ಅರ್ಜಿಯ ಬಲವು ಕಾಗದಗಳಲ್ಲಿರುತ್ತದೆ. ಕೆಳಗಿನವುಗಳನ್ನು ಮೊದಲೇ ಕೂಡಿಸಿಟ್ಟುಕೊಳ್ಳತಕ್ಕದ್ದು:

(೧) ಶೇರಿನ ಪತ್ರ, ಸಾಲದ ಮತ್ತು ಠೇವಿನ ಪಾಸಬುಕ್ಕು, ಹಣ ಕಟ್ಟಿದ ಪಾವತಿಗಳು.

(೨) ಪಹಣಿ ಪತ್ರಿಕೆ. ತೆಗೆದುಕೊಳ್ಳದ ಸಾಲದ ಬೋಜಾ ಹೊಲದ ಮೇಲೆ ಬಿದ್ದಿದ್ದರೆ ಋಣದ ಕಾಲಮಿನಲ್ಲಿ ಕಾಣುವದು.

(೩) ಸಂಘದ ಲೆಕ್ಕ ತಪಾಸಣೆಯ ವರದಿಗಳು. ಸರ್ವಸಾಧಾರಣ ಸಭೆಯಲ್ಲಿ ಹಂಚಿದ ಅಢಾವೆ ಪತ್ರಿಕೆಗಳು.

(೪) ಸಹಕಾರಿ ಖಾತೆಗೆ ಕೊಟ್ಟ ಅರ್ಜಿಗಳೂ ಅವುಗಳಿಗೆ ಬಂದ ಉತ್ತರಗಳೂ; ವಿಚಾರಣೆಯಾಗಿದ್ದರೆ ಅದರ ವರದಿಯ ನಕಲು.

(೫) ಠಾಣೆಗೆ ಕೊಟ್ಟ ಫಿರ್ಯಾದಿಯ ಪ್ರತಿ, ಸುಪರಿಂಟೆಂಡೆಂಟರಿಗೆ ಕಳಿಸಿದ ಪತ್ರದ ಪ್ರತಿ, ಅಂಚೆಯ ಪಾವತಿ.

ಫಿರ್ಯಾದಿಯಲ್ಲಿ "ಸಂಘವನ್ನೆಲ್ಲ ತಿಂದುಹಾಕಿದ್ದಾರೆ" ಎಂದು ಬರೆಯುವದರಿಂದ ಪ್ರಯೋಜನವಿಲ್ಲ. ಯಾವ ತಾರೀಖು, ಯಾವ ಖಾತೆ, ಎಷ್ಟು ರೂಪಾಯಿ, ಯಾರ ಸಹಿ, ತನಗೆ ಗೊತ್ತಾದದ್ದು ಹೇಗೆ ಎಂಬಿವನ್ನು ಬಿಡಿಬಿಡಿಯಾಗಿ ಬರೆಯಬೇಕು. ಕಣ್ಣಾರೆ ಕಂಡದ್ದನ್ನೂ ಕೇಳಿ ತಿಳಿದದ್ದನ್ನೂ ಬೇರೆಬೇರೆಯಾಗಿ ಹೇಳಬೇಕು. ವಕೀಲರನ್ನು ಹಿಡಿಯುವ ಶಕ್ತಿಯಿಲ್ಲದವರು ತಾಲೂಕು ಕಾನೂನು ಸೇವಾ ಸಮಿತಿಯನ್ನು ಕಾಣಬಹುದು. ೧೯೮೭ರ ಕಾಯದೆಯಂತೆ ಸ್ತ್ರೀಯರಿಗೂ, ಪರಿಶಿಷ್ಟ ಜಾತಿ ಪಂಗಡದವರಿಗೂ, ಕಡಿಮೆ ಉತ್ಪನ್ನದವರಿಗೂ ಅಲ್ಲಿ ಪುಕ್ಕಟೆ ಸಹಾಯವು ದೊರೆಯುತ್ತದೆ.

ಆಜ್ಞೆಯಾದ ತರುವಾಯ

ತನಿಖೆಯ ಪ್ರಗತಿಯನ್ನು ೯೦ ದಿವಸಗಳೊಳಗೆ ಫಿರ್ಯಾದಿದಾರನಿಗೆ ತಿಳಿಸಬೇಕೆಂದು ಸಂಹಿತೆಯ ೧೯೩ನೆಯ ಕಲಮು ವಿಧಿಸುತ್ತದೆ. ಅಪರಾಧವು ಸಿದ್ಧವಾಗುವಂತಿಲ್ಲವೆಂದು ಪೋಲೀಸರು ಬಿ ರಿಪೋರ್ಟು ಕಳಿಸಿದರೆ ಎದೆಗುಂದಬಾರದು. ಅದನ್ನು ಒಪ್ಪುವ ಮೊದಲು ಫಿರ್ಯಾದಿದಾರನಿಗೆ ನೋಟೀಸು ಕೊಟ್ಟು ಅವನ ಮಾತನ್ನು ಕೇಳಬೇಕೆಂದು ೧೯೮೫ರಲ್ಲಿಯೇ ಸುಪ್ರೀಮ್ ಕೋರ್ಟು ಹೇಳಿದೆ. ಆಗ ತನ್ನ ತಕರಾರನ್ನು ಬರೆದು ಕೊಡಬಹುದು. ಅಪರಾಧದಿಂದ ಗಳಿಸಿದ ಆಸ್ತಿಯನ್ನು ನ್ಯಾಯಾಲಯದ ಮೂಲಕ ಜಪ್ತು ಮಾಡಿಸಿ ನಷ್ಟ ಹೊಂದಿದವರಿಗೆ ಹಂಚುವ ಏರ್ಪಾಡು ಹೊಸ ಸಂಹಿತೆಯ ೧೦೭ನೆಯ ಕಲಮಿನಲ್ಲಿ ಇದೆ. ಆದರೂ ೬೯ನೆಯ ಕಲಮಿನ ವಸೂಲಿಯನ್ನು ಮರೆತು ಫೌಜದಾರಿ ಖಟ್ಲೆಯನ್ನೇ ನಂಬಿ ಕುಳಿತುಕೊಳ್ಳಬಾರದು. ಎರಡೂ ಹಾದಿಗಳು ಜೋಡೆತ್ತಿನಂತೆ ಕೂಡಿ ನಡೆಯಬೇಕು.

ಮೊದಲು ಹೇಳಿದ ಭೀಮಾತೀರದ ಊರಿನವರು ಕಡೆಗೆ ಹೀಗೆಯೇ ಮಾಡಿದರು. ಹಳೆಯ ಕಾಯದೆಯು ನಡೆಯುತ್ತಿದ್ದ ಕಾಲವದು. ಅವರ ಮೊದಲನೆಯ ಅರ್ಜಿಯು ನಿಲ್ಲಲಿಲ್ಲ; ಸುಪರಿಂಟೆಂಡೆಂಟರಿಗೆ ಬರೆದಿರಲಿಲ್ಲ, ಪ್ರಮಾಣಪತ್ರವೂ ಇರಲಿಲ್ಲ. ಊರಿನ ನಿವೃತ್ತ ಶಾಲಾ ಮಾಸ್ತರರೊಬ್ಬರು ಮೂರು ತಿಂಗಳು ಮನೆಮನೆಗೆ ಹೋಗಿ ಪಾಸಬುಕ್ಕುಗಳನ್ನು ಕೂಡಿಸಿ, ಖಾತೆಗೊಂದು ಸಾಲಿನಂತೆ ಪಟ್ಟಿ ಮಾಡಿದರು. ಎರಡನೆಯ ಅರ್ಜಿಯ ಮೇಲೆ ತನಿಖೆಗೆ ಆಜ್ಞೆಯಾಯಿತು, ದಫ್ತರವು ಜಪ್ತಾಯಿತು. ಖಟ್ಲೆಯು ಇನ್ನೂ ನಡೆದಿದೆ, ಹಣವೆಲ್ಲ ಬಂದಿಲ್ಲ. ಆದರೆ ಆ ವೃದ್ಧರ ಹೆಸರಿನ ಮೇಲಿದ್ದ ಸುಳ್ಳು ಸಾಲವು ಸಹಕಾರಿ ಖಾತೆಯ ವಿಚಾರಣೆಯಲ್ಲಿ ತೆಗೆಯಲ್ಪಟ್ಟು, ಮುಂದಿನ ಹಿಂಗಾರಿಗೆ ಅವರು ಕಡಲೆಯನ್ನು ಬಿತ್ತಿದರು. ಬೀಜೋಪಚಾರವನ್ನೂ ಮರೆಯದೆ ಮಾಡಿದ್ದರು.

ಮುನ್ನೆಚ್ಚರಿಕೆ

ರೋಗ ಬಿದ್ದ ಮೇಲೆ ಔಷಧ ಹೊಡೆಯುವದಕ್ಕಿಂತ ಬೀಜಕ್ಕೆ ಮೊದಲೇ ಉಪಚಾರ ಮಾಡುವದು ಲೇಸೆಂದು ನಾವು ಒಕ್ಕಲಿಗರಿಗೆ ಯಾವಾಗಲೂ ಹೇಳುತ್ತೇವೆ. ಸಂಘಕ್ಕೂ ಅದೇ ಮಾತು ಸಲ್ಲುತ್ತದೆ. ಸಪ್ಟಂಬರದೊಳಗೆ ಕೂಡುವ ವಾರ್ಷಿಕ ಸಭೆಗೆ ಹಿಂಗಾರಿಯ ಗಡಿಬಿಡಿಯಿದ್ದರೂ ತಪ್ಪದೆ ಹೋಗಬೇಕು. ಶಿಲ್ಕು ಎಷ್ಟು, ಸುಸ್ತಿ ಬಾಕಿ ಎಷ್ಟು, ತಪಾಸಣೆಯ ಆಕ್ಷೇಪಗಳೇನು ಎಂಬ ಮೂರು ಪ್ರಶ್ನೆಗಳನ್ನು ಎದ್ದು ನಿಂತು ಕೇಳಬೇಕು. ಬರೆಯದ ಕಾಗದಕ್ಕೆ ಸಹಿಯನ್ನಾಗಲಿ ಹೆಬ್ಬೆಟ್ಟನ್ನಾಗಲಿ ಹಾಕಬಾರದು. ವರ್ಷಕ್ಕೊಮ್ಮೆ ತನ್ನ ಖಾತೆಯ ಉತಾರವನ್ನು ಬೇಡಿ ಪಡೆದು, ಪಾಸಬುಕ್ಕಿಗೆ ತಾಳೆ ನೋಡಬೇಕು. ಪ್ರಾಮಾಣಿಕರಾದ ಸೆಕ್ರೆಟರಿಗಳು ಇಂಥ ಪ್ರಶ್ನೆಗಳಿಗೆ ಬೇಸರಪಡುವದಿಲ್ಲ. ಲೆಕ್ಕವು ಬೆಳಕಿನಲ್ಲಿದ್ದರೆ ಅವರ ಮರ್ಯಾದೆಯೂ ಉಳಿಯುತ್ತದೆ.

ಮ್ಯಾಜಿಸ್ಟ್ರೇಟರ ಅಧಿಕಾರವು ಸಿಟ್ಟನ್ನು ತೀರಿಸಿಕೊಳ್ಳುವ ಆಯುಧವಲ್ಲ. ಉಳಿದ ಬಾಗಿಲುಗಳನ್ನು ಕ್ರಮವಾಗಿ ತಟ್ಟಿ, ಕೈಯಲ್ಲಿ ಕಾಗದವನ್ನೂ ಬಾಯಲ್ಲಿ ಸತ್ಯವನ್ನೂ ಹಿಡಿದು ಬಂದ ಸಭಾಸದನಿಗೆ ಅದು ತೆರೆಯತಕ್ಕ ಬಾಗಿಲು. ನಾಲ್ಕೂ ತಾಲೂಕುಗಳ ಒಕ್ಕಲಿಗ ಬಂಧುಗಳು ಇದನ್ನು ತಾವು ಓದಿ, ಓದು ಬಾರದ ನೆರೆಯವರಿಗೂ ಓದಿ ಹೇಳಬೇಕೆಂದು ವಿನಂತಿ.